ಭಾವವು ವಸ್ತುವಾದರೆ?

ಕ್ಷಣಕಾಲ ಒಂದು ಕಲ್ಪನೆಗೆ ತಮ್ಮ ಮನಸ್ಸನ್ನು ಒಪ್ಪಿಸಬೇಕೆಂದು ಕೇಳಿಕೊಳ್ಳುತ್ತೇನೆ. ಒಂದು ಊರಿನಲ್ಲಿ ಒಬ್ಬ ಅಪೂರ್ವ ಕುಶಲಕರ್ಮಿಯಿದ್ದಾನೆಂದು ಭಾವಿಸಿರಿ. ಅವನ ಮನೆಯಲ್ಲಿ ಕುಲುಮೆಯಿದೆ, ಅಡಿಗಲ್ಲಿದೆ, ಇಕ್ಕಳವಿದೆ, ತಕ್ಕಡಿಯಿದೆ. ನೋಡುವವರಿಗೆ ಅದು ಅಕ್ಕಸಾಲಿಗನ ಮನೆಯಂತೆಯೇ ಕಾಣುತ್ತದೆ. ಆದರೆ ಅವನ ಮೂಸೆಯಲ್ಲಿ ಕರಗುವುದು ಚಿನ್ನ ಬೆಳ್ಳಿಗಳಲ್ಲ, ಮನುಷ್ಯರ ಭಾವಗಳು. ದುಃಖಿಯಾದವನು ಬಂದು ಎದುರಿಗೆ ಕುಳಿತರೆ ಆತನು ಆ ದುಃಖವನ್ನು ಎದೆಯಿಂದ ಹೊರತೆಗೆದು, ಕಾಸಿ ಬಡಿದು, ಕರಿಯ ಹರಳೊಂದನ್ನು ಮಾಡಿ ಅಂಗೈಯಲ್ಲಿಡುತ್ತಾನೆ. ತಾಯಿಯ ವಾತ್ಸಲ್ಯವು ಅವನ ಕೈಯಲ್ಲಿ ಬಟ್ಟಲಾಗುತ್ತದೆ, ಸಿಟ್ಟು ಮೊಳೆಯಾಗುತ್ತದೆ, ಕೃತಜ್ಞತೆ ಉಂಗುರವಾಗುತ್ತದೆ, ಪಶ್ಚಾತ್ತಾಪವು ಸೀಸದ ಗುಂಡಾಗುತ್ತದೆ. ಯಾರ ಭಾವ ಎಷ್ಟು ತೂಗಿತೆಂಬುದನ್ನು ತಕ್ಕಡಿಯೇ ಹೇಳುತ್ತದೆ. ಒಯ್ಯುವವರು ಒಯ್ಯಬಹುದು, ಕೊಡುವವರು ಕೊಡಬಹುದು, ಮಾರುವವರು ಮಾರಬಹುದು.

ಇದು ಮಕ್ಕಳಿಗೆ ಹೇಳುವ ಕಥೆಯೆಂದು ತಳ್ಳಿಬಿಡುವುದು ಸುಲಭ. ಆದರೆ ನಮ್ಮ ನಿತ್ಯದ ನಡೆನುಡಿಗಳನ್ನು ಸ್ವಲ್ಪ ಪರಿಶೀಲಿಸಿದರೆ ಈ ಕುಶಲಕರ್ಮಿಯನ್ನು ನಾವೆಲ್ಲರೂ ಹುಡುಕುತ್ತಲೇ ಇದ್ದೇವೆಂಬುದು ಮನವರಿಕೆಯಾಗುತ್ತದೆ. ‘ನನ್ನ ಎದೆ ಬಗೆದು ತೋರಿಸಲೇ?’ ಎಂದು ಕೇಳದ ಮನುಷ್ಯನಿಲ್ಲ. ಗೌರವವನ್ನು ಶಾಲಿನಲ್ಲಿಯೂ, ಪ್ರೀತಿಯನ್ನು ಒಡವೆಯಲ್ಲಿಯೂ, ಭಕ್ತಿಯನ್ನು ಬೆಳ್ಳಿಯ ಕವಚದಲ್ಲಿಯೂ, ಅಗಲಿದವರ ನೆನಪನ್ನು ಹೆಸರು ಕೆತ್ತಿದ ಕಲ್ಲಿನಲ್ಲಿಯೂ ಇಟ್ಟು ನಿಶ್ಚಿಂತರಾಗಬೇಕೆಂಬುದು ನಮ್ಮೆಲ್ಲರ ಹಂಬಲ. ಆದುದರಿಂದ ಕಲ್ಪನೆಯ ಹಿಂದಿರುವ ಪ್ರಶ್ನೆ ಕಾಲ್ಪನಿಕವಾದುದಲ್ಲ. ಭಾವವನ್ನು ವಸ್ತುವನ್ನಾಗಿ ಮಾಡಲು ಸಾಧ್ಯವಾದರೆ ಆ ವಸ್ತುವಿನಲ್ಲಿ ಭಾವವು ಉಳಿಯುತ್ತದೆಯೆ? ಉಳಿದರೆ ಅದು ಯಾರದು? ವಸ್ತುವನ್ನು ಕೊಟ್ಟ ಮಾತ್ರಕ್ಕೆ ಭಾವದ ಋಣ ತೀರುತ್ತದೆಯೆ? ಇವುಗಳನ್ನು ಕುರಿತು ಶರಣರ ಬೆಳಕಿನಲ್ಲಿ ನಾಲ್ಕು ಮಾತುಗಳನ್ನು ವಿಚಾರ ಮಾಡುವುದು ಈ ಲೇಖನದ ಉದ್ದೇಶ.

ಮೊದಲು ಆ ಕುಶಲಕರ್ಮಿಯ ಪರವಾಗಿ ಹೇಳಬಹುದಾದುದನ್ನು ಪ್ರಾಮಾಣಿಕವಾಗಿ ಹೇಳಿಬಿಡೋಣ. ಅವನಿಂದ ಲೋಕಕ್ಕೆ ಆಗುವ ಉಪಕಾರ ಸಣ್ಣದಲ್ಲ. ಮೂವತ್ತು ವರ್ಷ ಮನೆಯ ಒಲೆಯ ಮುಂದೆ ಬೆಂದ ಗೃಹಿಣಿಯ ಅಕ್ಕರೆ ಯಾರ ಲೆಕ್ಕಕ್ಕೂ ಸಿಕ್ಕುವುದಿಲ್ಲ. ಅದು ವಸ್ತುವಾಗಿ ಕಣ್ಣಿಗೆ ಬಿದ್ದರೆ ಮನೆಯವರು ಅದನ್ನು ಕಾಣದೆ ಇರಲಾರರು. ಡಾಂಭಿಕನ ಸ್ನೇಹ ತಕ್ಕಡಿಯಲ್ಲಿ ತೂಗದೆ ಸಿಕ್ಕಿಬೀಳುತ್ತದೆ. ಮಾತು ಬಾರದವನ ಪ್ರೀತಿ ಮಾತಿಲ್ಲದೆ ತಲುಪುತ್ತದೆ. ಪುತ್ರಶೋಕದಿಂದ ನಿದ್ರೆಯನ್ನೇ ಮರೆತ ತಾಯಿ ಆ ಕರಿಯ ಹರಳನ್ನು ಒಂದು ರಾತ್ರಿಯ ಮಟ್ಟಿಗಾದರೂ ಗೂಡಿನಲ್ಲಿಟ್ಟು ಕಣ್ಣು ಮುಚ್ಚಬಹುದು. ಇಷ್ಟೆಲ್ಲ ಸಾಧ್ಯವಾಗುವುದಾದರೆ ಅದನ್ನು ಬೇಡವೆನ್ನುವವನು ಕಠಿಣಹೃದಯನೇ ಸರಿ. ಈ ಪೂರ್ವಪಕ್ಷವನ್ನು ಹಗುರವಾಗಿ ಕಾಣದೆ ಮುಂದಿನ ವಿಚಾರಕ್ಕೆ ಹೋಗಬೇಕು.

ನಿಸರ್ಗವು ಈ ಕೆಲಸವನ್ನು ಸ್ವಲ್ಪ ಮಟ್ಟಿಗೆ ಆಗಲೇ ಮಾಡಿದೆ. ನಮ್ಮ ಶರೀರವೇ ಅಂಥ ಒಂದು ಕುಲುಮೆ. ಭರತಮುನಿಯ ನಾಟ್ಯಶಾಸ್ತ್ರವು ಎಂಟು ಸಾತ್ತ್ವಿಕ ಭಾವಗಳನ್ನು ಹೇಳುತ್ತದೆ: ಸ್ತಂಭ, ಸ್ವೇದ, ರೋಮಾಂಚ, ಸ್ವರಭೇದ, ವೇಪಥು, ವೈವರ್ಣ್ಯ, ಅಶ್ರು, ಪ್ರಲಯ. ಒಳಗೆ ಹುಟ್ಟಿದ ಭಾವವು ಹೊರಗೆ ಬೆವರಾಗಿ, ನಡುಕವಾಗಿ, ಕಣ್ಣೀರಾಗಿ ಪರಿಣಮಿಸುತ್ತದೆ. ಕಣ್ಣೀರು ವಸ್ತುವಲ್ಲವೆ? ಅದಕ್ಕೆ ತೂಕವಿದೆ, ಉಪ್ಪಿನ ರುಚಿಯಿದೆ, ಸೆರಗನ್ನು ಒದ್ದೆ ಮಾಡುವ ಗುಣವಿದೆ. ಆದರೆ ನಿಸರ್ಗದ ಕುಲುಮೆಗೂ ನಮ್ಮ ಕಲ್ಪನೆಯ ಕುಲುಮೆಗೂ ಒಂದು ಮಹತ್ತರವಾದ ಭೇದವಿದೆ. ಕಣ್ಣೀರು ಆರುತ್ತದೆ. ಅದನ್ನು ಕೂಡಿಡಲಾಗದು, ಮಕ್ಕಳಿಗೆ ಆಸ್ತಿಯಾಗಿ ಬಿಟ್ಟುಹೋಗಲಾಗದು. ನಾಳೆ ಮತ್ತೆ ಕಣ್ಣು ತುಂಬಬೇಕಾದರೆ ನಾಳೆ ಮತ್ತೆ ಎದೆ ಕರಗಲೇಬೇಕು.

ಮನುಷ್ಯನಿಗೆ ಈ ಆರುವಿಕೆ ಸಹನೆಯಾಗದು. ಆರದೆ ಉಳಿಯುವ ಕಣ್ಣೀರನ್ನು ಅವನು ಬಯಸಿದ. ಅದಕ್ಕಾಗಿ ಕಲ್ಲನ್ನು ಹಿಡಿದ. ನಮ್ಮ ನಾಡಿನ ಊರೂರುಗಳಲ್ಲಿ ನಿಂತಿರುವ ವೀರಗಲ್ಲು ಮಾಸ್ತಿಗಲ್ಲುಗಳು ಭಾವವನ್ನು ವಸ್ತುವನ್ನಾಗಿ ಮಾಡುವ ನಮ್ಮ ಪೂರ್ವಿಕರ ತಂತ್ರವಲ್ಲದೆ ಮತ್ತೇನು? ಇವುಗಳಲ್ಲಿ ಮಂಡ್ಯ ಜಿಲ್ಲೆಯ ಮದ್ದೂರು ತಾಲ್ಲೂಕಿನ ಆತಕೂರಿನ ಕಲ್ಲು ನಮ್ಮ ವಿಚಾರಕ್ಕೆ ಬಹಳ ಉಪಯುಕ್ತವಾಗಿದೆ. ಅದು ಕ್ರಿ.ಶ. 949-50ರ ಕಾಲದ್ದು. ರಾಷ್ಟ್ರಕೂಟ ಮೂರನೆಯ ಕೃಷ್ಣನಿಗೂ ಚೋಳರಿಗೂ ತಕ್ಕೋಲದಲ್ಲಿ ಯುದ್ಧ ನಡೆದಾಗ ಗಂಗರ ಎರಡನೆಯ ಬೂತುಗನು ಕೃಷ್ಣನ ಪಕ್ಷದಲ್ಲಿ ಕಾದಿ ಚೋಳ ರಾಜಾದಿತ್ಯನನ್ನು ಕೊಂದನು. ಬೂತುಗನ ಸೇವಕನಾದ ಮಣಲೆರನು ಆ ರಣದಲ್ಲಿ ಪರಾಕ್ರಮವನ್ನು ತೋರಿದನು. ಸಂತುಷ್ಟನಾದ ಒಡೆಯನು ಬೇಕಾದುದನ್ನು ಬೇಡೆಂದಾಗ ಮಣಲೆರನು ಊರನ್ನು ಬೇಡಲಿಲ್ಲ, ಹೊನ್ನನ್ನು ಬೇಡಲಿಲ್ಲ. ‘ಕಾಳಿ’ ಎಂಬ ಬೇಟೆನಾಯಿಯನ್ನು ಬೇಡಿ ಪಡೆದನು. ಆ ನಾಯಿ ಮುಂದೆ ಒಂದು ಕಾಡುಹಂದಿಯೊಡನೆ ಹೋರಾಡಿತು. ಹಂದಿಯೂ ಸತ್ತಿತು, ನಾಯಿಯೂ ಸತ್ತಿತು. ಅದರ ನೆನಪಿಗೆ ಆತಕೂರಿನ ದೇವಾಲಯದ ಮುಂದೆ ಕಲ್ಲನ್ನು ನಿಲ್ಲಿಸಿ, ಅದರ ಪೂಜೆಗೆಂದು ಭೂಮಿಯನ್ನು ಬಿಟ್ಟುಕೊಟ್ಟರು.

ಯುದ್ಧಗಳ ಸುದ್ದಿಯನ್ನು ಹೊತ್ತ ಶಾಸನಗಳು ಸಾವಿರಾರಿವೆ. ಒಂದು ನಾಯಿಯ ಮೇಲಣ ಮಮತೆಯನ್ನು ಹೊತ್ತ ಈ ಶಾಸನ ಅಪರೂಪದ್ದು. ಆದರೆ ವಾಚಕರು ಗಮನಿಸಬೇಕಾದ ಅಂಶ ಅದರ ಕೊನೆಯಲ್ಲಿದೆ. ಆ ಭೂಮಿಯನ್ನು ಅನುಭವಿಸುವ ಅರ್ಚಕನು ಕಲ್ಲನ್ನು ಪೂಜಿಸದೆ ಉಂಡರೆ ಆ ನಾಯಿಯ ಪಾಪ ಅವನಿಗೆ ತಟ್ಟುವುದೆಂದು ಅಲ್ಲಿ ವಿಧಿಸಲಾಗಿದೆ. ಇದರ ಅರ್ಥವೇನು? ಕಲ್ಲನ್ನು ನಿಲ್ಲಿಸಿದವರಿಗೇ ಕಲ್ಲಿನ ಮೇಲೆ ಪೂರ್ಣ ವಿಶ್ವಾಸವಿರಲಿಲ್ಲ. ಕಲ್ಲು ತನ್ನಷ್ಟಕ್ಕೆ ಭಾವವನ್ನು ಹಿಡಿದಿಡಲಾರದು, ಯಾರಾದರೊಬ್ಬರು ಪ್ರತಿದಿನವೂ ಅದರ ಮುಂದೆ ನಿಂತು ಉಣ್ಣುವ ಮೊದಲು ಒಂದು ಕ್ಷಣ ನೆನೆಯಬೇಕು ಎಂಬುದನ್ನು ಅವರು ಅರಿತಿದ್ದರು. ಇಂದು ಆ ಕಲ್ಲು ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದ ಆಸ್ತಿ. ಅಕ್ಷರಗಳು ಸುರಕ್ಷಿತವಾಗಿವೆ. ಪೂಜಿಸಿ ಉಣ್ಣುವ ಅರ್ಚಕನಿಲ್ಲ. ಮಣಲೆರನ ಮಮತೆ ಆ ಕಲ್ಲಿನಲ್ಲಿ ಇಂದು ಎಷ್ಟಿದೆಯೆಂದು ತೂಗಲು ಯಾವ ತಕ್ಕಡಿಯೂ ಇಲ್ಲ. ಓದಿದವನ ಎದೆಯಲ್ಲಿ ಅದು ಹೊಸದಾಗಿ ಹುಟ್ಟಿದರೆ ಇದೆ, ಹುಟ್ಟದಿದ್ದರೆ ಇಲ್ಲ.

ಈ ಬೆಳಕಿನಲ್ಲಿ ನಮ್ಮ ಕುಶಲಕರ್ಮಿಯ ಕಡೆಗೆ ಮತ್ತೊಮ್ಮೆ ನೋಡೋಣ. ಅವನ ವಿದ್ಯೆಯಲ್ಲಿ ಅಡಗಿರುವ ಅಪಾಯಗಳು ಈಗ ಕಾಣತೊಡಗುತ್ತವೆ.

ಮೊದಲನೆಯದು, ಮಾರಾಟ. ತೂಕಕ್ಕೆ ಸಿಕ್ಕುವುದೆಲ್ಲವೂ ಬೆಲೆಗೆ ಸಿಕ್ಕುತ್ತದೆ. ದುಡ್ಡಿದ್ದವನು ಅನ್ಯರ ಕರುಣೆಯನ್ನು ಕೊಂಡು ತನ್ನ ಪಡಸಾಲೆಯಲ್ಲಿ ಜೋಡಿಸುತ್ತಾನೆ. ಇಲ್ಲದವನು ತನ್ನ ಮಕ್ಕಳ ಮೇಲಣ ಮಮತೆಯನ್ನು ಒತ್ತೆಯಿಟ್ಟು ಕಾಳು ತರುತ್ತಾನೆ. ಎರಡನೆಯದು, ಪ್ರದರ್ಶನ. ಅವನ ಉಂಗುರ ದೊಡ್ಡದೋ ನನ್ನ ಉಂಗುರ ದೊಡ್ಡದೋ ಎಂಬ ಸ್ಪರ್ಧೆ ಹುಟ್ಟಿದೊಡನೆ ಕೃತಜ್ಞತೆಯು ಅಹಂಕಾರದ ಆಭರಣವಾಗುತ್ತದೆ. ಇದರ ಒಂದು ಹಗುರವಾದ ರೂಪವನ್ನು ನಾವು ನಿತ್ಯ ಕಾಣುತ್ತಿದ್ದೇವೆ. ಕೈಯಲ್ಲಿರುವ ಮೊಬೈಲಿನಲ್ಲಿ ನಗುವ ಮುಖ, ಅಳುವ ಮುಖ, ಮುಗಿದ ಕೈ, ಕೆಂಪು ಹೃದಯ ಎಲ್ಲವೂ ಸಿದ್ಧವಾಗಿವೆ. 2015ರಲ್ಲಿ ಆಕ್ಸ್‌ಫರ್ಡ್ ನಿಘಂಟಿನವರು ‘ವರ್ಷದ ಪದ’ವೆಂದು ಆರಿಸಿದ್ದು ಒಂದು ಪದವನ್ನೇ ಅಲ್ಲ, ಆನಂದಬಾಷ್ಪ ಸುರಿಸುವ ಒಂದು ಎಮೋಜಿಯನ್ನು. ಅದನ್ನು ಕಳಿಸುವವನ ಕಣ್ಣಿನಲ್ಲಿ ಬಾಷ್ಪವಿರಬೇಕೆಂಬ ನಿಯಮವೇನೂ ಇಲ್ಲ. ಪರಿಚಿತರ ಮನೆಯಲ್ಲಿ ಸಾವಾದ ಸುದ್ದಿ ಬಂದಾಗ ಮುಗಿದ ಕೈಗಳ ಚಿತ್ರವೊಂದನ್ನು ಒತ್ತಿ, ಮರುಕ್ಷಣವೇ ಊಟಕ್ಕೆ ಕುಳಿತವರು ನಮ್ಮಲ್ಲಿ ಯಾರಿಲ್ಲ?

ಮೂರನೆಯ ಅಪಾಯವೇ ಎಲ್ಲಕ್ಕಿಂತ ಗಂಭೀರವಾದುದು. ಅದು ಇಳಿಸಿಬಿಡುವುದು. ಪಶ್ಚಾತ್ತಾಪವು ಎದೆಯಲ್ಲಿದ್ದಾಗ ಮನುಷ್ಯನನ್ನು ಸುಮ್ಮನೆ ಕುಳ್ಳಿರಲು ಬಿಡುವುದಿಲ್ಲ. ನೋಯಿಸಿದವರ ಬಾಗಿಲಿಗೆ ಅದು ಅವನನ್ನು ಎಳೆದೊಯ್ಯುತ್ತದೆ. ಅದೇ ಪಶ್ಚಾತ್ತಾಪವು ಸೀಸದ ಗುಂಡಾಗಿ ಕೈಗೆ ಬಂದರೆ ಅವನು ಅದನ್ನು ಹೊಳೆಗೆ ಎಸೆದು ಹಗುರವಾಗಿ ಮನೆಗೆ ಬರುತ್ತಾನೆ. ನೊಂದವರು ನೊಂದೇ ಇರುತ್ತಾರೆ. ಕರುಣೆ ಎದೆಯಲ್ಲಿದ್ದರೆ ಹಸಿದವನಿಗೆ ಅನ್ನವಾಗುತ್ತದೆ, ಕರಂಡದಲ್ಲಿದ್ದರೆ ಬರಿಯ ಒಡವೆಯಾಗುತ್ತದೆ. ಭಾವವೆಂಬುದು ಹೊರೆಯಾಗಿರುವುದಕ್ಕೆ ಕಾರಣವುಂಟು. ಆ ಹೊರೆಯೇ ನಮ್ಮನ್ನು ನಡೆಸುವ ಶಕ್ತಿ. ನಿದ್ರೆಯಿಲ್ಲದ ತಾಯಿಯ ವಿಷಯ ಬೇರೆ. ಅವಳಿಗೆ ಒಂದು ರಾತ್ರಿಯ ವಿಶ್ರಾಂತಿ ಬೇಕೇ ಬೇಕು. ಆದರೆ ಅದನ್ನು ಕೊಡಬೇಕಾದವರು ಪಕ್ಕದಲ್ಲಿ ಕುಳಿತು ಅವಳ ಮಾತನ್ನು ಕೇಳುವ ನೆರೆಹೊರೆಯವರು. ಅವರ ಕೆಲಸವನ್ನು ಕರಿಯ ಹರಳೊಂದು ಮಾಡತೊಡಗಿದರೆ ನೆರೆಹೊರೆಯವರು ಬರುವುದನ್ನೇ ನಿಲ್ಲಿಸುತ್ತಾರೆ.

ಹಾಗಾದರೆ ಭಾವಕ್ಕೆ ರೂಪವನ್ನೇ ಕೊಡಬಾರದೆ? ಶರಣರು ಹೀಗೆ ಹೇಳಿದರೆಂದು ಯಾರಾದರೂ ತಿಳಿದರೆ ಅದು ತಪ್ಪು ತಿಳಿವಳಿಕೆ. ಅವರು ಕೈಗಳನ್ನು ಕಟ್ಟಿ ಕುಳಿತ ವೇದಾಂತಿಗಳಲ್ಲ. ಹಗ್ಗ ಹೊಸೆದವರು, ಬಟ್ಟೆ ನೆಯ್ದವರು, ಬುಟ್ಟಿ ಹೆಣೆದವರು, ಚರ್ಮ ಹದಮಾಡಿದವರು. ಭಾವವು ವಸ್ತುವಾದ ಪ್ರಸಂಗಗಳಲ್ಲಿ ನಮ್ಮ ಪರಂಪರೆಗೆ ಅತ್ಯಂತ ಪ್ರಿಯವಾದುದು ಸಮಗಾರ ಹರಳಯ್ಯನವರ ಕಥೆ. ವಾಚಕರಿಗೆ ಅದು ಚಿರಪರಿಚಿತ. ಆದರೂ ಈ ಪ್ರಶ್ನೆಯನ್ನು ಮನಸ್ಸಿನಲ್ಲಿಟ್ಟುಕೊಂಡು ಮತ್ತೊಮ್ಮೆ ಕೇಳೋಣ.

ಕಲ್ಯಾಣದ ಬೀದಿಯಲ್ಲಿ ಹರಳಯ್ಯನವರು ಬಸವಣ್ಣನವರನ್ನು ಕಂಡು ‘ಶರಣು’ ಎಂದರು. ಬಸವಣ್ಣನವರು ‘ಶರಣು ಶರಣಾರ್ಥಿ’ ಎಂದು ಮರುನುಡಿದರು. ತಾವು ಒಂದು ಶರಣೆಂದರೆ ಮಹಾಮಂತ್ರಿಗಳು ಎರಡು ಶರಣೆಂದರಲ್ಲ, ಈ ಹೆಚ್ಚಿನ ಶರಣಿನ ಋಣವನ್ನು ಹೇಗೆ ತೀರಿಸಲಿ ಎಂಬ ಚಿಂತೆ ಹರಳಯ್ಯನವರನ್ನು ಹಿಡಿಯಿತು. ಅವರೂ ಅವರ ಪತ್ನಿ ಕಲ್ಯಾಣಮ್ಮನವರೂ ತಮ್ಮ ತೊಡೆಯ ಚರ್ಮದಿಂದ ಚಮ್ಮಾವುಗೆಗಳನ್ನು ಹೊಲಿದು ತಂದರೆಂದು ಪರಂಪರೆ ಹೇಳುತ್ತದೆ. ಬಸವಣ್ಣನವರು ಅವುಗಳನ್ನು ಮೆಟ್ಟಲಿಲ್ಲ. ತಲೆಯ ಮೇಲಿಟ್ಟುಕೊಂಡರು, ಇವನ್ನು ಮೆಟ್ಟುವ ಯೋಗ್ಯತೆ ತಮಗಿಲ್ಲವೆಂದು ಮರಳಿಸಿದರು.

ಇಂದಿನ ವಾಚಕರಲ್ಲಿ ಕೆಲವರು ಕೇಳಬಹುದು: ದೇಹವನ್ನು ನೋಯಿಸಿಕೊಳ್ಳುವುದು ಧರ್ಮವೆ? ನ್ಯಾಯವಾದ ಪ್ರಶ್ನೆ. ಈ ಕಥೆಯನ್ನು ಅನುಕರಿಸಲೆಂದು ಹಿರಿಯರು ಹೇಳಿಲ್ಲ. ಅದರ ಮರ್ಮ ಬೇರೆಡೆಯಿದೆ. ಕಲ್ಪನೆಯ ಕುಶಲಕರ್ಮಿಯ ವಸ್ತುವಿಗೂ ಈ ಚಮ್ಮಾವುಗೆಗೂ ಇರುವ ಅಂತರವನ್ನು ನೋಡಿರಿ. ಅಲ್ಲಿ ಭಾವವನ್ನು ಮತ್ತೊಬ್ಬನು ಹೊರತೆಗೆಯುತ್ತಾನೆ. ಭಾವವುಳ್ಳವನು ಕೈಕಟ್ಟಿ ಕುಳಿತಿರುತ್ತಾನೆ. ಇಲ್ಲಿ ಭಾವವುಳ್ಳವರ ಕೈಯೇ ಕೆಲಸ ಮಾಡಿದೆ. ಹರಳಯ್ಯನವರು ತಮಗೆ ಬಾರದ ವಿದ್ಯೆಯನ್ನು ಹುಡುಕಿಕೊಂಡು ಹೋಗಲಿಲ್ಲ. ಜೀವಮಾನವಿಡೀ ಮಾಡುತ್ತ ಬಂದ ಕಾಯಕದಲ್ಲಿಯೇ, ಅದೇ ಉಳಿ, ಅದೇ ಆರೆ, ಅದೇ ದಾರಗಳಿಂದಲೇ ತಮ್ಮ ಕೃತಜ್ಞತೆಗೆ ರೂಪವನ್ನು ಕೊಟ್ಟರು. ಇನ್ನು ಪಡೆದವರ ನಡತೆ. ಅಂಥ ವಸ್ತುವನ್ನು ಪಡೆದವನು ಅದಕ್ಕೆ ಒಡೆಯನಾಗಿಬಿಡಬಹುದಾಗಿತ್ತು. ಬಸವಣ್ಣನವರು ಹಾಗೆ ಮಾಡಲಿಲ್ಲ. ವಸ್ತುವನ್ನು ಮರಳಿಸಿ ಭಾವವನ್ನು ಉಳಿಸಿಕೊಂಡರು.

ಕಥೆ ಇಲ್ಲಿಗೆ ಮುಗಿದಿದ್ದರೆ ಅದು ಸುಂದರವಾದ ಭಕ್ತಿಕಥೆಯಾಗಿ ಉಳಿಯುತ್ತಿತ್ತು. ಮುಂದೆ ನಡೆದುದನ್ನು ನೆನೆಯಿರಿ. ಬ್ರಾಹ್ಮಣಕುಲದಿಂದ ಬಂದು ಶರಣರಾದ ಮಧುವರಸರ ಮಗಳಿಗೂ ಹರಳಯ್ಯನವರ ಮಗನಿಗೂ ವಿವಾಹವಾಯಿತು. ಬಿಜ್ಜಳನ ಆಜ್ಞೆಯಿಂದ ಇಬ್ಬರು ತಂದೆಯರನ್ನೂ ಆನೆಯ ಕಾಲಿಗೆ ಕಟ್ಟಿ ಎಳೆಸಿ ಕೊಲ್ಲಿಸಲಾಯಿತು. 1160ರ ದಶಕದ ಕೊನೆಯಲ್ಲಿ ಕಲ್ಯಾಣ ತಲ್ಲಣಿಸಿತು, ಶರಣರು ದಿಕ್ಕುದಿಕ್ಕಿಗೆ ಚದುರಿದರು. ಸಮಗಾರನೊಬ್ಬನು ಮಂತ್ರಿಗೆ ಪಾದರಕ್ಷೆಗಳನ್ನು ಅರ್ಪಿಸಿದುದಕ್ಕೆ ಆ ಊರಿನ ಯಾವ ಪ್ರತಿಷ್ಠಿತರೂ ರಾಜನಲ್ಲಿಗೆ ದೂರು ಒಯ್ಯಲಿಲ್ಲ. ಎಷ್ಟೇ ಅಮೂಲ್ಯವಾಗಿರಲಿ, ಅದು ಒಂದು ವಸ್ತು. ಅದನ್ನು ನೋಡಿ ಮೆಚ್ಚಿ ಮನೆಗೆ ಹೋಗಬಹುದು. ಆದರೆ ಅದೇ ಭಾವವು ನಡೆಯಾಗಿ, ಒಂದು ಮನೆಯ ಮಗಳು ಮತ್ತೊಂದು ಮನೆಯ ಸೊಸೆಯಾಗಿ ಒಂದೇ ಒಲೆಯ ಅನ್ನವನ್ನು ಉಂಡಾಗ ಲೋಕಕ್ಕೆ ಅದನ್ನು ಸಹಿಸಲಾಗಲಿಲ್ಲ. ಭಾವವು ವಸ್ತುವಾದಾಗ ಲೋಕ ಚಪ್ಪಾಳೆ ತಟ್ಟುತ್ತದೆ. ಅದು ಸಂಬಂಧವಾದಾಗ ಲೋಕ ತಲೆಯನ್ನು ಕೇಳುತ್ತದೆ. ಹೆಚ್ಚು ಬೆಲೆಯುಳ್ಳದ್ದು ಯಾವುದೆಂಬುದನ್ನು ನಾನು ಬಿಡಿಸಿ ಹೇಳಬೇಕಾಗಿಲ್ಲ.

ಇನ್ನು ನಮ್ಮ ಕೊರಳಿನಲ್ಲಿಯೇ ಇರುವ ವಸ್ತುವಿನ ಕಡೆಗೆ ಬರೋಣ. ವೀರಶೈವ ಲಿಂಗಾಯತ ದೀಕ್ಷೆಯನ್ನು ವರ್ಣಿಸುವಾಗ ಹಿರಿಯರು ಹೇಳುವ ಮಾತು ನಮ್ಮ ಕಲ್ಪನೆಗೆ ಆಶ್ಚರ್ಯಕರವಾಗಿ ಸಮೀಪವಾಗಿದೆ. ಗುರುವು ಶಿಷ್ಯನ ಮಸ್ತಕದಲ್ಲಿರುವ ಚಿತ್ಕಳೆಯನ್ನು ಹೊರತಂದು ಅವನ ಕರಸ್ಥಲದಲ್ಲಿಡುತ್ತಾನೆ. ವೇಧಾ, ಮಂತ್ರ, ಕ್ರಿಯಾ ದೀಕ್ಷೆಗಳಿಂದ ಕಾರಣಶರೀರಕ್ಕೆ ಭಾವಲಿಂಗ, ಸೂಕ್ಷ್ಮಶರೀರಕ್ಕೆ ಪ್ರಾಣಲಿಂಗ, ಸ್ಥೂಲಶರೀರಕ್ಕೆ ಇಷ್ಟಲಿಂಗ ಸಂಬಂಧವಾಗುತ್ತವೆ. ಒಳಗಿನ ಅರೂಪವು ಅಂಗೈಯ ರೂಪಾಗುವುದೆಂದರೆ ಇದೇ. ಹಾಗಾದರೆ ನಮ್ಮ ಪರಂಪರೆಯೂ ಆ ಕುಶಲಕರ್ಮಿಯ ವಿದ್ಯೆಯನ್ನೇ ಮಾಡಿತೆ?

ಮಾಡಿತು, ಆದರೆ ಮೂರೂ ಅಪಾಯಗಳ ಬಾಗಿಲನ್ನು ಮುಚ್ಚಿ ಮಾಡಿತು. ಕಂತಿಯಿಂದ ಕೂಡಿದ ಆ ಪುಟ್ಟ ಲಿಂಗವನ್ನು ಪೇಟೆಯಿಂದ ತಂದ ಮಾತ್ರಕ್ಕೆ ಅದು ಇಷ್ಟಲಿಂಗವಾಗುವುದಿಲ್ಲ. ಗುರುವಿನ ಕೈಯಿಂದ ಬಂದ ಮೇಲೆ ಅದಕ್ಕೆ ಬೆಲೆ ಕಟ್ಟುವವರಿಲ್ಲ. ಆದುದರಿಂದ ಮಾರಾಟವಿಲ್ಲ. ಅದು ಕರಡಿಗೆಯಲ್ಲಿ, ಎದೆಯ ಮೇಲೆ, ಅಂಗಿಯ ಒಳಗಿರುತ್ತದೆ. ಬೆಳ್ಳಿಯ ಕರಡಿಗೆಯವನ ಲಿಂಗ ದೊಡ್ಡದು, ಬಟ್ಟೆಯಲ್ಲಿ ಕಟ್ಟಿಕೊಂಡವನ ಲಿಂಗ ಚಿಕ್ಕದು ಎನ್ನುವಂತಿಲ್ಲ. ಆದುದರಿಂದ ಪ್ರದರ್ಶನವಿಲ್ಲ. ಅದನ್ನು ಗೂಡಿನಲ್ಲಿ ಇಳಿಸಿಟ್ಟು ಹೋಗುವಂತಿಲ್ಲ, ನನ್ನ ಪೂಜೆಯನ್ನು ನೀನು ಮಾಡೆಂದು ಮತ್ತೊಬ್ಬರಿಗೆ ಒಪ್ಪಿಸುವಂತಿಲ್ಲ. ಪ್ರತಿದಿನವೂ ನನ್ನ ಎಡಗೈಯ ಮೇಲೆ, ನನ್ನ ಕಣ್ಣೆದುರಿಗೆ ಅದು ಬರಬೇಕು. ಆತಕೂರಿನ ಕಲ್ಲು ಅರ್ಚಕನೊಬ್ಬನನ್ನು ಬೇಡಿತು. ಇಷ್ಟಲಿಂಗವು ನನ್ನನ್ನೇ ಬೇಡುತ್ತದೆ. ಕೊನೆಗೆ ದೇಹವನ್ನು ಮಣ್ಣಿಗೆ ಒಪ್ಪಿಸುವಾಗ ಅದೂ ಕೈಯಲ್ಲಿಯೇ ಮಣ್ಣು ಸೇರುತ್ತದೆ. ಮಕ್ಕಳಿಗೆ ಹೊಲ ಮನೆಗಳನ್ನು ಬಿಟ್ಟುಹೋಗಬಹುದು, ಇಷ್ಟಲಿಂಗವನ್ನು ಬಿಟ್ಟುಹೋಗಲಾಗದು. ಅವರ ಭಾವಕ್ಕೆ ಅವರೇ ದುಡಿಯಬೇಕು.

ಇಷ್ಟಾದರೂ ಶರಣರು ಆ ವಸ್ತುವಿಗೂ ಒಂದು ಮಿತಿಯನ್ನು ಹಾಕಿದರೆಂಬುದನ್ನು ನುಲಿಯ ಚಂದಯ್ಯನವರ ಪ್ರಸಂಗ ತಿಳಿಸುತ್ತದೆ. ಹಗ್ಗ ಹೊಸೆಯಲು ಕೆರೆಯಲ್ಲಿ ಹುಲ್ಲು ಕೊಯ್ಯುವಾಗ ಅವರ ಇಷ್ಟಲಿಂಗವು ಜಾರಿ ಬಿದ್ದಿತು. ಅವರು ಅದನ್ನು ಎತ್ತಿಕೊಳ್ಳದೆ ಹುಲ್ಲಿನ ಹೊರೆ ಹೊತ್ತು ನಡೆದರು. ಲಿಂಗವೇ ಅವರ ಬೆನ್ನುಹತ್ತಿ ಬಂದಿತೆಂದು ಕಥೆ. ಲಿಂಗವನ್ನು ಕಡೆಗಣಿಸಿರೆಂದು ಇದರ ಅರ್ಥವಲ್ಲ. ಜಂಗಮದಾಸೋಹಕ್ಕಾಗಿ ನಡೆಯುವ ಕಾಯಕವನ್ನು ನಿಲ್ಲಿಸಿ ವಸ್ತುವನ್ನು ಹಿಡಿದುಕೊಂಡರೆ ವಸ್ತುವಿನ ಒಳಗಿನದು ಉಳಿಯದೆಂಬುದು ಇದರ ಅಭಿಪ್ರಾಯ.

ಇಷ್ಟು ದೂರ ಶಾಸ್ತ್ರದ ಮಾತನ್ನಾಡಿದವನು ತನ್ನ ಸ್ವಂತದ ಒಂದು ಸಂಗತಿಯನ್ನು ಹೇಳದಿದ್ದರೆ ವಾಚಕರಿಗೆ ವಂಚಿಸಿದಂತಾಗುತ್ತದೆ. ಈ ವಿಚಾರವು ನನ್ನಲ್ಲಿ ಹುಟ್ಟಿದ್ದು ಪುಸ್ತಕದಿಂದಲ್ಲ, ನನ್ನದೇ ತಪ್ಪಿನಿಂದ.

ನಾನು ಬಾಲ್ಯದಲ್ಲಿ ಒಂದು ಮಠದ ಪ್ರಸಾದನಿಲಯದಲ್ಲಿದ್ದು ಓದಿದವನು. ಮನೆ ಬಿಟ್ಟು ಹೊರಡುವ ದಿನ ನಮ್ಮವ್ವ ಒಂದು ಕೌದಿಯನ್ನು ಮಡಿಸಿ ಟ್ರಂಕಿನಲ್ಲಿಟ್ಟಳು. ತನ್ನ ಹಳೆಯ ಸೀರೆಗಳು, ಅಪ್ಪನ ಹರಿದ ಧೋತರ, ನನ್ನವೇ ಚಿಕ್ಕದಾದ ಅಂಗಿಗಳು, ಇವುಗಳನ್ನೆಲ್ಲ ಪದರಪದರವಾಗಿ ಹಾಸಿ, ಮಧ್ಯಾಹ್ನದ ಹೊತ್ತಿನಲ್ಲಿ ತಿಂಗಳುಗಟ್ಟಲೆ ಕುಳಿತು ಹೊಲಿದ ಕೌದಿ. ನಮ್ಮ ಉತ್ತರದ ಸೀಮೆಯ ಪ್ರತಿಯೊಂದು ಮನೆಯಲ್ಲಿಯೂ ಇಂಥವು ಇರುತ್ತವೆ. ಉತ್ತರ ಕನ್ನಡ ಜಿಲ್ಲೆಯ ಸಿದ್ಧಿ ಜನರ ಹೆಣ್ಣುಮಕ್ಕಳು ಇದೇ ಬಗೆಯ ಕವಂದಿಯನ್ನು ಅಂಚಿನಿಂದ ಆರಂಭಿಸಿ ಸುತ್ತುಸುತ್ತಾಗಿ ನಡುವಿನವರೆಗೆ ಹೊಲಿಯುತ್ತಾರೆ. ಮೂಲೆಗಳಲ್ಲಿ ಬಟ್ಟೆಯ ಚಿಕ್ಕ ಹೂವುಗಳನ್ನು ಇಡದೆ ಅದು ಪೂರ್ತಿಯಾಯಿತೆಂದು ಅವರು ಒಪ್ಪುವುದಿಲ್ಲ. ನಾನು ಆ ಕೌದಿಯನ್ನು ಹೊದ್ದುದು ಕಡಿಮೆ. ಜೊತೆಯ ಕೆಲವು ಹುಡುಗರ ಬಳಿ ಪೇಟೆಯ ಕಂಬಳಿಗಳಿದ್ದವು. ತೇಪೆಗಳ ಹೊದಿಕೆಯನ್ನು ತೆಗೆಯಲು ನನಗೆ ನಾಚಿಕೆಯಾಗುತ್ತಿತ್ತು. ಚಳಿಯಲ್ಲಿಯೂ ಅದನ್ನು ಟ್ರಂಕಿನ ಅಡಿಯಲ್ಲಿಯೇ ಇಟ್ಟೆ.

ಓದು ಮುಗಿಯಿತು, ನೌಕರಿಯಾಯಿತು, ಊರು ದೂರವಾಯಿತು. ವರ್ಷಕ್ಕೊಮ್ಮೆ ಹೋಗಿ ಬರುವುದು, ತಿಂಗಳಿಗೊಮ್ಮೆ ಹಣ ಕಳಿಸುವುದು ಇವೇ ನನ್ನ ಮಾತೃಸೇವೆಯಾದವು. ಅವ್ವ ತೀರಿಕೊಂಡ ಮೇಲೆ ದುಃಖವು ನನ್ನನ್ನು ಬಾಧಿಸಿತು. ಆಗ ನಾನು ಮಾಡಿದ್ದೇನು? ಆ ಕುಶಲಕರ್ಮಿಯನ್ನೇ ಹುಡುಕಿದೆ. ಪ್ರಸಾದನಿಲಯದ ಊಟದ ಮನೆಗೆ ದೇಣಿಗೆ ಕೊಟ್ಟು, ಗೋಡೆಯಲ್ಲಿ ಅವ್ವನ ಹೆಸರಿನ ಒಂದು ನುಣುಪಾದ ಕಲ್ಲನ್ನು ಹಾಕಿಸಿದೆ. ಕಲ್ಲು ಹಾಕಿಸಿದ ದಿನ ಮನಸ್ಸು ಹಗುರವಾಯಿತೆಂದು ನಾನು ಮರೆಮಾಚದೆ ಹೇಳಬೇಕು.

ಅಂದು ಅಡುಗೆಯ ಮನೆಯಲ್ಲಿ ನನ್ನನ್ನು ಬಾಲ್ಯದಿಂದ ಬಲ್ಲ ವೃದ್ಧರೊಬ್ಬರು ಇನ್ನೂ ಸೇವೆಯಲ್ಲಿದ್ದರು. ಅವರು ಹೊರಗೆ ಬಂದು ಕಲ್ಲನ್ನು ನೋಡಿ, ‘ಕಲ್ಲ ಛಲೋ ಆಗೇತಿ ತಮ್ಮಾ. ಅಂದಹಾಂಗ ನಿಮ್ಮವ್ವಗ ಉಣ್ಣಾಕ ಏನ ಸೇರತಿತ್ತು? ಹೇಳು, ಇವತ್ತ ಅದನ್ನ ಮಾಡಿ ಹುಡುಗೂರಿಗೆ ನೀಡೋಣು’ ಎಂದರು. ನಾನು ಬಾಯಿ ತೆರೆದೆ; ಉತ್ತರ ಬರಲಿಲ್ಲ. ನನಗೆ ಸೇರುತ್ತಿದ್ದುದೆಲ್ಲ ಅವ್ವನಿಗೆ ಗೊತ್ತಿತ್ತು. ಅವಳಿಗೆ ಸೇರುತ್ತಿದ್ದುದು ಒಂದೂ ನನಗೆ ಗೊತ್ತಿರಲಿಲ್ಲ. ಅಕ್ಕನಿಗೆ ಫೋನು ಮಾಡಿ ಕೇಳಿದೆ. ಅಕ್ಕ ಸ್ವಲ್ಪ ಹೊತ್ತು ಸುಮ್ಮನಿದ್ದು, ‘ಯಾರಿಗ್ಗೊತ್ತಪಾ. ನಾವೆಲ್ಲಾ ಉಂಡಮ್ಯಾಲ ಏನ ಉಳಿತಿತ್ತೋ ಅದನ್ನ ಉಣ್ಣತಿದ್ಲು’ ಎಂದಳು.

ಈ ಮಾತನ್ನು ನಾನು ಆ ವೃದ್ಧರಿಗೆ ಹೇಳಿದೆ. ಅವರು ನನ್ನನ್ನು ಜರಿಯಲಿಲ್ಲ. ‘ಹಂಗಾರ ಇವತ್ತ ನೀನ ನೀಡು. ಎಲ್ಲಾರೂ ಉಂಡಮ್ಯಾಲ ಕಡೀಕ ನೀ ಉಣ್ಣು’ ಎಂದು ರೊಟ್ಟಿಯ ಬುಟ್ಟಿಯನ್ನು ಕೈಗೆ ಕೊಟ್ಟರು. ಆ ಮಧ್ಯಾಹ್ನ ಹುಡುಗರ ಪಂಕ್ತಿಗೆ ರೊಟ್ಟಿ, ಪಲ್ಯ, ಅನ್ನ ಸಾರುಗಳನ್ನು ನೀಡಿ, ಕೊನೆಗೆ ಉಳಿದ ಅರ್ಧ ರೊಟ್ಟಿಯನ್ನೂ ತಳದ ಸಾರನ್ನೂ ನಾನು ಉಂಡೆ. ಸಾರು ಆರಿತ್ತು. ಆ ತಣ್ಣನೆಯ ಸಾರಿನಲ್ಲಿ ನಮ್ಮವ್ವನ ದಿನದಿನದ ಊಟ ನನಗೆ ಮೊದಲ ಬಾರಿಗೆ ಪರಿಚಯವಾಯಿತು. ಕಲ್ಲಿನ ಮುಂದೆ ನಿಂತಾಗ ಬಾರದಿದ್ದ ಕಣ್ಣೀರು ಆ ತಟ್ಟೆಯ ಮುಂದೆ ಬಂದಿತು.

ಊರಿಗೆ ಮರಳಿದ ಮೇಲೆ ಟ್ರಂಕನ್ನು ತೆರೆದು ಕೌದಿಯನ್ನು ತೆಗೆದೆ. ಅದರ ಹೊಲಿಗೆಗಳ ಸಾಲುಗಳು ಎಲ್ಲಿಯೂ ಒಂದೇ ಸಮನಾಗಿರಲಿಲ್ಲ. ಒಂದು ಕಡೆ ದಟ್ಟವಾಗಿ, ಒಂದು ಕಡೆ ವಿರಳವಾಗಿ, ಕೆಲವೆಡೆ ದಾರದ ಬಣ್ಣ ಬದಲಾಗಿತ್ತು. ಯಾವ ದಿನ ಎಷ್ಟು ಬಿಡುವು ಸಿಕ್ಕಿತ್ತು, ಯಾವ ದಿನ ಯಾರು ಕರೆದರೆಂದು ಅವಳು ಎದ್ದು ಹೋಗಿದ್ದಳು ಎಂಬುದೆಲ್ಲ ಅಲ್ಲಿ ಬರೆದಂತಿತ್ತು. ಭಾವವು ವಸ್ತುವಾದುದನ್ನು ನೋಡಲು ನಾನು ಯಾವ ಕಲ್ಪನೆಯ ಊರಿಗೂ ಹೋಗಬೇಕಾಗಿರಲಿಲ್ಲ. ಅದು ನನ್ನ ಟ್ರಂಕಿನಲ್ಲಿಯೇ ಇತ್ತು. ಆದರೆ ಅವಳ ಭಾವವು ಅದರಲ್ಲಿ ಇದ್ದಷ್ಟು ಕಾಲವೂ ನನ್ನ ಪಾಲಿಗೆ ಇಲ್ಲದಂತೆಯೇ ಇತ್ತು, ಏಕೆಂದರೆ ಅದನ್ನು ಹೊದೆಯಬೇಕಾದವನು ಹೊದೆದಿರಲಿಲ್ಲ. ವಸ್ತುವು ಭಾವವನ್ನು ಹೊತ್ತು ತರಬಲ್ಲದು. ಅದನ್ನು ಬರಮಾಡಿಕೊಳ್ಳುವ ಕೆಲಸವನ್ನು ವಸ್ತು ಮಾಡಲಾರದು.

ಆದುದರಿಂದ, ಬಂಧುಗಳೇ, ಶಾಲು ಹೊದಿಸಬೇಡಿರಿ, ಕಲ್ಲು ಹಾಕಿಸಬೇಡಿರಿ, ದೇಣಿಗೆ ಕೊಡಬೇಡಿರಿ ಎಂದು ನಾನು ಹೇಳುತ್ತಿಲ್ಲ. ಮಠದ ದಾಸೋಹ ನಡೆಯುವುದು ಭಕ್ತರ ದೇಣಿಗೆಯಿಂದಲೇ. ಆ ದೇಣಿಗೆಯ ಅನ್ನವನ್ನುಂಡು ಬೆಳೆದ ನಾವು ಅದನ್ನು ಮರೆಯಕೂಡದು. ಹೇಳುವುದು ಇಷ್ಟೇ. ಭಾವಕ್ಕೆ ರೂಪ ಕೊಡಬೇಕೆನಿಸಿದಾಗ ಮೂರು ಪ್ರಶ್ನೆಗಳನ್ನು ತಮಗೆ ತಾವೇ ಕೇಳಿಕೊಳ್ಳಿರಿ. ಇದರಲ್ಲಿ ನನ್ನ ಕೈಯ ದುಡಿಮೆ ಎಷ್ಟಿದೆ? ಇದರಿಂದ ಯಾರ ಚಳಿ, ಯಾರ ಹಸಿವು, ಯಾರ ಒಂಟಿತನ ಕಡಿಮೆಯಾಗುತ್ತದೆ? ಇದು ನನ್ನನ್ನು ನಾಳೆ ಮತ್ತೆ ಕರೆಯುತ್ತದೆಯೆ, ಇಲ್ಲವೆ ಇಂದಿಗೇ ಬಿಡುಗಡೆ ಮಾಡಿ ಕಳಿಸುತ್ತದೆಯೆ? ಮೂರನೆಯ ಪ್ರಶ್ನೆಗೆ ‘ಬಿಡುಗಡೆ ಮಾಡುತ್ತದೆ’ ಎಂಬ ಉತ್ತರ ಬಂದರೆ ಸ್ವಲ್ಪ ಎಚ್ಚರವಾಗಿರುವುದು ಒಳ್ಳೆಯದು.

ತಮ್ಮಲ್ಲಿ ಯಾರ ತಾಯಿ ತಂದೆಯರು ಇನ್ನೂ ಬದುಕಿದ್ದಾರೋ ಅವರು ಈ ಸಂಚಿಕೆಯನ್ನು ಕೆಳಗಿಟ್ಟ ಕೂಡಲೇ ಒಂದು ಕೆಲಸ ಮಾಡಬೇಕೆಂದು ಕೈಮುಗಿದು ಬೇಡುತ್ತೇನೆ. ಅವರಿಗೆ ಉಣ್ಣಲು ಏನು ಸೇರುತ್ತದೆಂದು ಕೇಳಿರಿ. ಗೊತ್ತಿದೆಯೆಂದು ಅನಿಸಿದರೂ ಕೇಳಿರಿ. ಅವರು ‘ಏನಾದರೂ ಆದೀತು’ ಎನ್ನುವರು. ಅಷ್ಟಕ್ಕೇ ಬಿಡದೆ ಮತ್ತೊಮ್ಮೆ ಕೇಳಿರಿ. ಉತ್ತರ ಬಂದ ಮೇಲೆ ಅದನ್ನು ಮಾಡಿ, ಬಿಸಿಯಾಗಿರುವಾಗಲೇ, ಎಲ್ಲರಿಗಿಂತ ಮೊದಲು ಅವರಿಗೆ ನೀಡಿರಿ.

ಶರಣು ಶರಣಾರ್ಥಿ.